ಮಗುವಿನ ನಂಬರು ನೋಡುವ ಬಗೆ

ಮಗುವಿನ ನಂಬರು ನೋಡುವುದಕ್ಕೂ ಒಂದು ಭಾಷಣ ಬೇಕೆ ಎಂದು ತಾವು ಕೇಳಬಹುದು. ಶಾಲೆಯಿಂದ ಪ್ರಗತಿಪತ್ರ ಬರುತ್ತದೆ. ತಂದೆಯಾದವನು ಕನ್ನಡಕ ಹಾಕಿಕೊಂಡು ಮೇಲಿನಿಂದ ಕೆಳಕ್ಕೆ ಒಮ್ಮೆ ಕಣ್ಣು ಹಾಯಿಸುತ್ತಾನೆ. ನಂಬರು ಹೆಚ್ಚಿದ್ದರೆ ‘ಹೂಂ’ ಎನ್ನುತ್ತಾನೆ. ಕಡಿಮೆಯಿದ್ದರೆ ಇನ್ನೂ ಉದ್ದವಾದ ‘ಹೂಂ’ ಒಂದು ಹೊರಡುತ್ತದೆ. ಕೆಳಗಡೆ ರುಜು ಹಾಕಿದರೆ ಮೂರು ತಿಂಗಳ ಜವಾಬ್ದಾರಿ ಮುಗಿಯಿತು. ಈಗಂತೂ ಆ ಕಾಗದಕ್ಕೂ ಕಾಯಬೇಕಾಗಿಲ್ಲ. ಅನೇಕ ಶಾಲೆಗಳು ನಂಬರನ್ನು ನೇರವಾಗಿ ಮೊಬೈಲಿಗೇ ಕಳುಹಿಸಿಬಿಡುತ್ತವೆ. ಮಗು ಚೀಲ ಹೊತ್ತು ಬೀದಿಯ ತಿರುವಿಗೆ ಬರುವಷ್ಟರಲ್ಲಿ ಅದರ ಗಣಿತದ ಗತಿಯೇನೆಂಬುದು ಅಡುಗೆಮನೆಗೂ ತಿಳಿದಿರುತ್ತದೆ.

ನೋಡುವುದು ಇಷ್ಟು ಸುಲಭವಾಗಿರುವಾಗ, ನೋಡಿದ್ದೇನು ಎಂದು ಕೇಳಿಕೊಳ್ಳುವವರು ಬಹಳ ಕಡಿಮೆ. ನಂಬರು ಎಂಬುದು ನಮ್ಮ ಮಗು ಬರೆದುದನ್ನು ಮತ್ತೊಬ್ಬರು ಓದಿ, ಆ ಮೇಲೆ ಮಾಡಿದ ತೀರ್ಮಾನ. ಆ ತೀರ್ಮಾನವನ್ನು ನಾವು ನೋಡುತ್ತೇವೆ. ಮಗು ಬರೆದುದನ್ನು ಮಾತ್ರ ನೋಡುವುದಿಲ್ಲ. ಬಂದ ಕಾಗದವನ್ನು ಒಡೆಯದೆ ಮೇಲಿನ ಅಂಚೆಯ ಮುದ್ರೆಯನ್ನಷ್ಟೆ ಓದಿ ಇಟ್ಟಂತೆ ಇದು. ನಂಬರನ್ನು ನೋಡುವುದೆಂದರೆ ಉತ್ತರಪತ್ರಿಕೆಯನ್ನು ನೋಡುವುದು. ಉಳಿದುದೆಲ್ಲ ಅದರ ಬಾಗಿಲು ಮಾತ್ರ ಎಂಬುದು ಈ ಹೊತ್ತು ನಾನು ಅರಿಕೆಮಾಡಿಕೊಳ್ಳಬೇಕೆಂದಿರುವ ವಿಷಯ.

ಬಾಗಿಲಿನಿಂದಲೇ ಆರಂಭಿಸೋಣ. ನಮ್ಮ ರಾಜ್ಯದ ಪ್ರಾಥಮಿಕ ತರಗತಿಗಳಲ್ಲಿ ವರ್ಷಕ್ಕೆ ನಾಲ್ಕು ರೂಪಣಾತ್ಮಕ ಮೌಲ್ಯಮಾಪನಗಳೂ ಎರಡು ಸಂಕಲನಾತ್ಮಕ ಮೌಲ್ಯಮಾಪನಗಳೂ ನಡೆಯುತ್ತವೆ. ಹೆಸರುಗಳು ಬಾಯಿಗೆ ಸ್ವಲ್ಪ ಭಾರವಾದುವು. ಆದುದರಿಂದಲೇ ಮಕ್ಕಳು ಅವನ್ನು ಎಫ್‌ಎ, ಎಸ್‌ಎ ಎಂದು ಕರೆದು ಹಗುರ ಮಾಡಿಕೊಂಡಿದ್ದಾರೆ. ಪಾಠ ನಡೆಯುತ್ತಿರುವಾಗಲೇ ಮಗು ಎಲ್ಲಿ ತಡವರಿಸುತ್ತದೆ ಎಂದು ಕಂಡುಕೊಳ್ಳುವುದಕ್ಕೆ ಮೊದಲನೆಯದು. ಅರ್ಧವರ್ಷದ ಕೊನೆಯಲ್ಲಿ ಒಟ್ಟು ಎಷ್ಟು ಕೂಡಿತು ಎಂದು ನೋಡುವುದಕ್ಕೆ ಎರಡನೆಯದು. ಇವುಗಳಿಂದ ಬಂದ ಅಂಕಗಳನ್ನು ಅಕ್ಷರಗಳಾಗಿ ಮಾಡುತ್ತಾರೆ. 90ರಿಂದ ಮೇಲಕ್ಕೆ ಎ ಪ್ಲಸ್, 70ರಿಂದ 89ರ ವರೆಗೆ ಎ, 50ರಿಂದ 69ರ ವರೆಗೆ ಬಿ ಪ್ಲಸ್, 30ರಿಂದ 49ರ ವರೆಗೆ ಬಿ, ಅದರ ಕೆಳಗೆ ಸಿ.

ಇಲ್ಲಿಯೇ ಮೊದಲನೆಯ ಮೋಸ ಉಂಟು. ಯಾರೂ ಬೇಕೆಂದು ಮಾಡಿದ ಮೋಸವಲ್ಲ. ಅಕ್ಷರದ ಸ್ವಭಾವವೇ ಅಂಥದು. ಏಳನೆಯ ತರಗತಿಯಲ್ಲಿ ನೂರಕ್ಕೆ 72 ಬಂದ ಹುಡುಗಿಗೆ ಎ ದೊರೆಯುತ್ತದೆ, 88 ಬಂದ ಹುಡುಗಿಗೂ ಅದೇ ಎ. ಅದೇ 72ನ್ನೇ ಎಸ್‌ಎಸ್‌ಎಲ್‌ಸಿಯ ಅಂಕಪಟ್ಟಿಗೆ ಕೊಂಡೊಯ್ಯಿರಿ: ಅಲ್ಲಿ ಎ ಎಂಬುದು 80ರ ಮೇಲೆ ಆರಂಭವಾಗುವುದರಿಂದ ಈಕೆ ಬಿ ಪ್ಲಸ್ಸಿಗೆ ಇಳಿಯುತ್ತಾಳೆ. ಮೂರು ವರ್ಷದಲ್ಲಿ ಮಗಳು ಮಂಕಾದಳು ಎಂದು ಮನೆಯವರು ಕೊರಗುತ್ತಾರೆ. ಮಗಳು ಇದ್ದಲ್ಲಿಯೇ ಇದ್ದಾಳೆ, ಅಳತೆಗೋಲು ಬದಲಾಗಿದೆ. ಕೇಂದ್ರ ಮಾಧ್ಯಮಿಕ ಶಿಕ್ಷಣ ಮಂಡಳಿಯವರ ಹತ್ತನೆಯ ತರಗತಿಯ ಲೆಕ್ಕವಂತೂ ಬೇರೆಯೇ. ಅಲ್ಲಿ ಒಂದು ವಿಷಯದಲ್ಲಿ ತೇರ್ಗಡೆಯಾದವರನ್ನೆಲ್ಲ ಅಂಕದ ಕ್ರಮದಲ್ಲಿ ನಿಲ್ಲಿಸಿ ಎಂಟು ಪಾಲು ಮಾಡುತ್ತಾರೆ. ಮೊದಲ ಪಾಲಿನವರಿಗೆ ಎ ಒಂದು, ಮುಂದಿನ ಪಾಲಿನವರಿಗೆ ಎ ಎರಡು, ಹೀಗೆ. ಅಂದರೆ ನಿಮ್ಮ ಮಗನ ಅಕ್ಷರವು ಅವನು ಬರೆದುದರ ಮೇಲೆ ಎಷ್ಟು ನಿಂತಿದೆಯೋ ದೇಶದಲ್ಲಿ ಉಳಿದವರು ಬರೆದುದರ ಮೇಲೂ ಅಷ್ಟೇ ನಿಂತಿದೆ. ಇಬ್ಬರು ಸೋದರಿಯರು ತಮ್ಮ ಮಕ್ಕಳ ಅಕ್ಷರಗಳನ್ನು ಹೋಲಿಸಿ ಮನಸ್ಸು ಕೆಡಿಸಿಕೊಳ್ಳುವ ಮೊದಲು ಆ ಅಕ್ಷರಗಳು ಒಂದೇ ವರ್ಣಮಾಲೆಗೆ ಸೇರಿದುವೇ ಎಂದು ವಿಚಾರಿಸಿಕೊಳ್ಳುವುದು ಒಳ್ಳೆಯದು.

ಇನ್ನು ಉತ್ತರಪತ್ರಿಕೆ. ಒಂದು ಚಿಕ್ಕ ಉದಾಹರಣೆಯನ್ನು ತೆಗೆದುಕೊಳ್ಳುತ್ತೇನೆ. ಪೆನ್ನು ಹತ್ತಿರವಿದ್ದರೆ ಬರೆದುಕೊಳ್ಳಬಹುದು. ಮೂರನೆಯ ತರಗತಿಯ ಹುಡುಗನೊಬ್ಬನಿಗೆ ಹತ್ತು ಕಳೆಯುವ ಲೆಕ್ಕ ಕೊಟ್ಟಿದ್ದಾರೆ, ಆರು ಸರಿಯಾಗಿದೆ. ಹತ್ತಕ್ಕೆ ಆರು. ಮನೆಯಲ್ಲಿ ಹೇಳುವ ಮಾತು ಸಿದ್ಧವಾಗಿಯೇ ಇದೆ: “ಗಮನವಿಲ್ಲ, ಆಟ ಹೆಚ್ಚಾಯಿತು.” ಈಗ ತಪ್ಪಾದ ಲೆಕ್ಕಗಳನ್ನು ನೋಡಿ. 53ರಲ್ಲಿ 27 ಕಳೆದರೆ 26 ಬರಬೇಕು. ಹುಡುಗ 34 ಎಂದು ಬರೆದಿದ್ದಾನೆ. 402ರಲ್ಲಿ 178 ಕಳೆದರೆ 224. ಅವನು ಬರೆದದ್ದು 376. ಇದು ಗಮನವಿಲ್ಲದವನ ತಪ್ಪಲ್ಲ. ಮೂರರಲ್ಲಿ ಏಳು ಹೋಗುವುದಿಲ್ಲವೆಂದು ಅವನಿಗೆ ಗೊತ್ತು. ಆದಕಾರಣ ಏಳರಲ್ಲಿ ಮೂರನ್ನು ಕಳೆದು ನಾಲ್ಕು ಎಂದು ಬರೆದ. ಎರಡರಲ್ಲಿ ಎಂಟು ಹೋಗುವುದಿಲ್ಲ. ಎಂಟರಲ್ಲಿ ಎರಡು ಕಳೆದು ಆರು ಎಂದ. ಪ್ರತಿಯೊಂದು ಸ್ಥಾನದಲ್ಲಿಯೂ ದೊಡ್ಡದರಿಂದ ಚಿಕ್ಕದನ್ನು ಕಳೆಯಬೇಕೆಂಬ ನಿಯಮವೊಂದನ್ನು ತಾನೇ ಕಟ್ಟಿಕೊಂಡು ಅದನ್ನು ಎಲ್ಲಿಯೂ ಬಿಡದೆ ಪಾಲಿಸಿದ್ದಾನೆ. ದಶಕ ತರುವ ಅಗತ್ಯವಿಲ್ಲದ ಆರು ಲೆಕ್ಕಗಳಲ್ಲಿ ಅವನ ನಿಯಮವೂ ಪುಸ್ತಕದ ನಿಯಮವೂ ಒಂದೇ ಉತ್ತರ ಕೊಡುತ್ತವೆ; ಉಳಿದ ನಾಲ್ಕರಲ್ಲಿ ದಾರಿ ಬೇರೆಯಾಗುತ್ತದೆ. ಅವನಿಗೆ ತಿಳಿಯದ್ದು ಒಂದೇ ವಿಷಯ, ದಶಕ ತರುವುದು. ಕಡ್ಡಿಯ ಕಟ್ಟುಗಳನ್ನೋ ಹತ್ತು ರೂಪಾಯಿಯ ನೋಟನ್ನೋ ಮುಂದಿಟ್ಟುಕೊಂಡು, ಚಿಲ್ಲರೆ ಸಾಲದಿದ್ದಾಗ ನೋಟು ಮುರಿಸುವುದನ್ನು ತೋರಿಸಿದರೆ ಒಂದೆರಡು ಸಂಜೆಯಲ್ಲಿ ತಿದ್ದಿಹೋಗುವ ಸಂಗತಿ. ‘ಹತ್ತಕ್ಕೆ ಆರು’ ಎಂಬ ನಂಬರಿನಲ್ಲಿ ಇದರ ಒಂದು ಸುಳಿವೂ ಇಲ್ಲ. ಇನ್ನೊಬ್ಬ ಹುಡುಗನಿಗೆ ನಿಜವಾಗಿಯೂ ಗಮನವಿಲ್ಲದೆ ಆರು ಬಂದಿರಬಹುದು. ಇಬ್ಬರಿಗೂ ಒಂದೇ ನಂಬರು, ಒಂದೇ ಬೈಗುಳ. ಮೊದಲಿನವನು ಬೈಗುಳ ತಿಂದು ಮುಂದಿನ ತಿಂಗಳೂ ಅದೇ ನಿಷ್ಠೆಯಿಂದ 34 ಎಂದೇ ಬರೆಯುತ್ತಾನೆ.

ಭಾಷೆಯ ಉತ್ತರಪತ್ರಿಕೆಯೂ ಹೀಗೆಯೇ ಮಾತನಾಡುತ್ತದೆ. ಮೈಸೂರಿನ ಕಡೆಯ ಎಷ್ಟೋ ಮನೆಗಳ ಮಾತಿನಲ್ಲಿ ಹಕಾರ ನಿಲ್ಲುವುದಿಲ್ಲವೆಂಬುದು ತಮಗೆ ತಿಳಿದದ್ದೇ. ಅಂಥ ಮನೆಯ ಮಗು ವಿಜ್ಞಾನದ ಪತ್ರಿಕೆಯಲ್ಲಿ ‘ಅಸಿರು ಎಲೆ’ ಎಂದು ಬರೆಯುತ್ತದೆ. ಉಪಾಧ್ಯಾಯರು ಎರಡು ಸಲ ತಿದ್ದಿದ ಮೇಲೆ ಎಚ್ಚರಿಕೆ ಹೆಚ್ಚಾಗಿ, ಅಡುಗೆಯ ವಿಷಯ ಬಂದಾಗ ‘ಹಕ್ಕಿಯನ್ನು ತೊಳೆದು ಬೇಯಿಸಬೇಕು’ ಎಂದು ಬರೆದು ಇನ್ನೊಮ್ಮೆ ಕೆಂಪು ಶಾಯಿಗೆ ಗುರಿಯಾಗುತ್ತದೆ. ಎಲೆ ಏತಕ್ಕೆ ಹಸಿರಾಗಿದೆಯೆಂಬುದು ಮಗುವಿಗೆ ಚೆನ್ನಾಗಿ ಗೊತ್ತು. ವಿಜ್ಞಾನದಲ್ಲಿ ಹಿಂದೆ ಬಿದ್ದಿದೆಯೆಂದು ತಿಳಿದು ವಿಜ್ಞಾನದ ಮನೆಪಾಠಕ್ಕೆ ಹಣ ತೆತ್ತರೆ ಆ ಹಣ ಹೋದ ಕಡೆಯೇ ಬೇರೆ, ಕೊರತೆಯಿದ್ದ ಕಡೆಯೇ ಬೇರೆ.

ಉತ್ತರಪತ್ರಿಕೆಯನ್ನು ನಮಗೆ ತೋರಿಸುವವರಾರು ಎಂದು ಕೇಳಿದರೆ, ತೋರಿಸಬೇಕಾದವರು ಶಾಲೆಯವರೇ. 2010ರ ಏಪ್ರಿಲಿನಲ್ಲಿ ಜಾರಿಗೆ ಬಂದ ಶಿಕ್ಷಣ ಹಕ್ಕಿನ ಶಾಸನ, ಒಂದರಿಂದ ಎಂಟನೆಯ ತರಗತಿಯ ವರೆಗೆ, ಉಪಾಧ್ಯಾಯರ ಕರ್ತವ್ಯಗಳನ್ನು ಎಣಿಸುವಾಗ ಇದನ್ನೂ ಎಣಿಸಿದೆ: ತಾಯಿತಂದೆಗಳನ್ನೂ ಪೋಷಕರನ್ನೂ ಕಾಲಕಾಲಕ್ಕೆ ಕರೆದು, ಮಗುವಿನ ಹಾಜರಿ, ಕಲಿಯುವ ಶಕ್ತಿ, ಕಲಿಕೆಯಲ್ಲಾದ ಪ್ರಗತಿ ಇವನ್ನು ಅವರಿಗೆ ತಿಳಿಸಬೇಕು. ಇದು ಆ ಶಾಸನದ 24ನೆಯ ಪ್ರಕರಣ. ನಮ್ಮ ಸರ್ಕಾರಿ ಶಾಲೆಗಳಲ್ಲಿ ‘ಸಮುದಾಯದತ್ತ ಶಾಲೆ’ ಎಂಬ ಹೆಸರಿನಿಂದ ಸಭೆ ಸೇರಿಸಿ ಉತ್ತರಪತ್ರಿಕೆಗಳನ್ನು ಪೋಷಕರ ಕೈಗೆ ಕೊಡುವ ಪದ್ಧತಿ ಬಂದಿದೆ. ಖಾಸಗಿ ಶಾಲೆಗಳಲ್ಲಿ ಶನಿವಾರದ ಪೋಷಕರ ಸಭೆ ಉಂಟು. ಅಲ್ಲಿಗೆ ಹೋಗುವವರಲ್ಲಿ ಬಹುಮಂದಿ ಸರತಿಯಲ್ಲಿ ನಿಂತು, ರುಜು ಮಾಡಿ, “ಹೇಗಿದ್ದಾನೆ ಮೇಡಂ?” ಎಂದು ಕೇಳಿ, “ಪರವಾಗಿಲ್ಲ, ಇನ್ನೂ ಸ್ವಲ್ಪ ಓದಿಸಿ” ಎಂಬ ಉತ್ತರವನ್ನು ಪಡೆದು ಹಿಂದಿರುಗುತ್ತಾರೆ. ಉಪಾಧ್ಯಾಯರನ್ನು ದೂರಿ ಫಲವಿಲ್ಲ. ನಲವತ್ತು ಮಕ್ಕಳ ತರಗತಿಯಲ್ಲಿ ಒಬ್ಬೊಬ್ಬರ ಮನೆಯವರಿಗೂ ಐದು ನಿಮಿಷ ಕೊಟ್ಟರೆ ಮೂರು ಗಂಟೆ ಇಪ್ಪತ್ತು ನಿಮಿಷವಾಯಿತು. ಅಗಲವಾದ ಪ್ರಶ್ನೆಗೆ ಅಗಲವಾದ ಉತ್ತರವೇ ಸಿಕ್ಕುತ್ತದೆ.

ಆದುದರಿಂದ ಉತ್ತರಪತ್ರಿಕೆಯನ್ನು ಮೊದಲು ಕೇಳಿ ತೆಗೆದುಕೊಂಡು, ಪಕ್ಕದ ಬೆಂಚಿನ ಮೇಲೆ ಕುಳಿತು, ಮಗುವಿನ ಜೊತೆಯಲ್ಲಿಯೇ ಓದಿ, ಒಂದೇ ಒಂದು ಪ್ರಶ್ನೆಯನ್ನು ಆರಿಸಿಕೊಂಡು ಹೋಗಬೇಕು. “ಏಕೆ ನಂಬರು ಕಡಿಮೆ ಕೊಟ್ಟಿರಿ?” ಎಂದು ಕೇಳಿದರೆ ಉಪಾಧ್ಯಾಯರು ತಮ್ಮ ನಂಬರನ್ನು ಕಾಪಾಡಿಕೊಳ್ಳುವುದಕ್ಕೆ ತೊಡಗುತ್ತಾರೆ, ಯಾರಾದರೂ ಹಾಗೆಯೇ ಮಾಡುತ್ತಾರೆ. “ಮೇಷ್ಟರೆ, ಈ ಪ್ರಶ್ನೆಗೆ ಇವಳು ಇನ್ನೇನು ಬರೆಯಬೇಕಾಗಿತ್ತು?” ಎಂದು ಕೇಳಿದರೆ ಅವರು ಮತ್ತೆ ಉಪಾಧ್ಯಾಯರಾಗುತ್ತಾರೆ. ಕೂಡಿಸಿದ್ದರಲ್ಲಿ ತಪ್ಪಿದ್ದರೆ, ತಿದ್ದದೆ ಬಿಟ್ಟ ಉತ್ತರವಿದ್ದರೆ ಅದನ್ನೂ ಇದೇ ಮಾತಿನಲ್ಲಿ ತೋರಿಸಬಹುದು. ಸರಿಮಾಡಿಕೊಡದ ಉಪಾಧ್ಯಾಯರು ಅಪರೂಪ.

ನಗರದಲ್ಲಿ ವಾಸವಾಗಿರುವ ತಮ್ಮಂಥವರಿಗೆ ಮತ್ತೊಂದು ಕೆಲಸವೂ ಇದೆಯೆಂದು ನನಗೆ ತೋರುತ್ತದೆ. ತಮ್ಮ ಮನೆಗೆ ಪಾತ್ರೆ ತೊಳೆಯಲು ಬರುವಾಕೆಗೂ ಶಾಲೆಗೆ ಹೋಗುವ ಮಗುವಿರುತ್ತದೆ. ಆಕೆ ಆ ಪ್ರಗತಿಪತ್ರಕ್ಕೆ ಹೆಬ್ಬೆಟ್ಟು ಒತ್ತಿರುತ್ತಾಳೆ, ಇಲ್ಲವೆ ಮಗು ಹೇಳಿಕೊಟ್ಟಂತೆ ಹೆಸರು ಗೀಚಿರುತ್ತಾಳೆ. ಒಳಗೇನಿದೆ ಎಂಬುದಕ್ಕೆ ಆ ಮಗು ಹೇಳಿದ್ದೇ ಪ್ರಮಾಣ. ಸಭೆಗೆ ಹೋಗಬೇಕಾದರೆ ಅರ್ಧ ದಿನದ ಕೂಲಿ ಹೋಗುತ್ತದೆ. ಆ ದಿನ ರಜಾ ಕೊಡುವುದೂ, ಬಂದ ಮೇಲೆ ಉತ್ತರಪತ್ರಿಕೆಯನ್ನು ಹತ್ತು ನಿಮಿಷ ಓದಿ ಹೇಳುವುದೂ ನಮ್ಮ ಕೈಲಾಗದ ಕೆಲಸವೇನಲ್ಲ. ಸರ್ಕಾರಿ ಶಾಲೆಯ ಮೇಲುಸ್ತುವಾರಿ ಸಮಿತಿಯಲ್ಲಿ ಮುಕ್ಕಾಲು ಪಾಲು ಸದಸ್ಯರು ಮಕ್ಕಳ ತಾಯಿತಂದೆಗಳೇ ಆಗಿರಬೇಕೆಂದು ಅದೇ ಶಾಸನ ವಿಧಿಸಿದೆ. ಆಕೆ ಅದರಲ್ಲಿ ಕುಳಿತುಕೊಳ್ಳಲು ಅರ್ಹಳು ಎಂಬುದನ್ನಾದರೂ ಆಕೆಗೆ ತಿಳಿಸಬಹುದು.

ತಿಳಿಸಬೇಕೆಂಬುದು ಶಾಸನವಾದರೂ, ತಿಳಿಸಕೂಡದೆಂದು ನ್ಯಾಯಾಲಯವೇ ಹೇಳಿದ ಪ್ರಸಂಗವೊಂದು ನಮ್ಮ ರಾಜ್ಯದಲ್ಲಿಯೇ ನಡೆಯಿತು. 2024ರಲ್ಲಿ 5, 8, 9 ಮತ್ತು 11ನೆಯ ತರಗತಿಗಳಿಗೂ ರಾಜ್ಯದ ಮಂಡಳಿಯಿಂದಲೇ ಪರೀಕ್ಷೆ ನಡೆಸಬೇಕೆಂದು ಸರ್ಕಾರ ಹೊರಟಿತು. ವ್ಯಾಜ್ಯ ಹುಟ್ಟಿತು. ಮಾರ್ಚಿಯಲ್ಲಿ ಉಚ್ಚ ನ್ಯಾಯಾಲಯದ ವಿಭಾಗೀಯ ಪೀಠ ಒಪ್ಪಿಗೆ ಕೊಟ್ಟಿತು. ಏಪ್ರಿಲ್ 8ರಂದು ಸರ್ವೋಚ್ಚ ನ್ಯಾಯಾಲಯ ಅದನ್ನು ತಡೆದು, ಬಂದ ಫಲಿತಾಂಶವನ್ನು ಯಾವ ಕಾರ್ಯಕ್ಕೂ ಉಪಯೋಗಿಸಬಾರದು, ಪೋಷಕರಿಗೂ ತಿಳಿಸಬಾರದು ಎಂದಿತು. ಲಕ್ಷಗಟ್ಟಲೆ ಮಕ್ಕಳು ಬರೆದಿದ್ದರು, ಉಪಾಧ್ಯಾಯರು ತಿದ್ದಿದ್ದರು. ಆದರೂ ಆ ಬೇಸಗೆಯಲ್ಲಿ ಎಷ್ಟೋ ಮನೆಗಳು ನಂಬರಿಲ್ಲದೆ ಕಳೆದುವು. ಮಗುವಿಗೆ ಏನು ಬರುತ್ತದೆ, ಏನು ಬಾರದು ಎಂಬುದು ತಿಳಿದಿದ್ದ ಮನೆಗಳಲ್ಲಿ ಅದರಿಂದ ಯಾವ ತೊಂದರೆಯೂ ಆಗಿರಲಾರದು.

ಎಷ್ಟು ಜಾಗ್ರತೆಯಿಂದ ತಿದ್ದಿದರೂ ನಂಬರಿನಲ್ಲಿ ಒಂದು ಅಲುಗಾಟ ಉಳಿದೇ ಉಳಿಯುತ್ತದೆ. 1913ರಲ್ಲಿ ಸ್ಟಾರ್ಚ್ ಮತ್ತು ಎಲಿಯಟ್ ಎಂಬ ಅಮೆರಿಕದ ವಿದ್ವಾಂಸರು ರೇಖಾಗಣಿತದ ಒಂದೇ ಉತ್ತರಪತ್ರಿಕೆಯ ನಕಲುಗಳನ್ನು ನೂರಕ್ಕೂ ಹೆಚ್ಚು ಮಂದಿ ಉಪಾಧ್ಯಾಯರಿಂದ ತಿದ್ದಿಸಿದರು. ಒಬ್ಬರು ನೂರಕ್ಕೆ 28 ಕೊಟ್ಟರು. ಮತ್ತೊಬ್ಬರು 90ನ್ನೂ ಮೀರಿ ಕೊಟ್ಟರು. ರೇಖಾಗಣಿತದಲ್ಲಿ ಹೀಗೆ! ಸರ್ ಫಿಲಿಪ್ ಹಾರ್ಟಾಗರ ಹೆಸರನ್ನು ತಮ್ಮಲ್ಲಿ ಕೆಲವರು ಕೇಳಿರಬಹುದು. ಅವರು ಢಾಕಾ ವಿಶ್ವವಿದ್ಯಾನಿಲಯದ ಮೊದಲನೆಯ ಉಪಕುಲಪತಿಗಳು. ನಮ್ಮ ದೇಶದ ವಿದ್ಯಾಭ್ಯಾಸವನ್ನು ಕುರಿತು 1929ರಲ್ಲಿ ವರದಿ ಒಪ್ಪಿಸಿದ ಸಮಿತಿಯ ಅಧ್ಯಕ್ಷರು. 1935ರಲ್ಲಿ ಅವರೂ ರೋಡ್ಸ್ ಎಂಬವರೂ ಪರೀಕ್ಷೆಗಳನ್ನೇ ಪರೀಕ್ಷೆಮಾಡಿ ಒಂದು ಪುಸ್ತಕ ಪ್ರಕಟಿಸಿದರು. ಚರಿತ್ರೆಯ ಹದಿನೈದು ಉತ್ತರಪತ್ರಿಕೆಗಳನ್ನು ಹದಿನಾಲ್ಕು ಮಂದಿ ಪರೀಕ್ಷಕರಿಗೆ ಕೊಟ್ಟು, ಒಂದು ವರ್ಷಕ್ಕೂ ಮೇಲ್ಪಟ್ಟು ಕಾಲ ಕಳೆದ ಮೇಲೆ ಅವನ್ನೇ ಅವರ ಕೈಗೇ ಮತ್ತೆ ಕೊಟ್ಟರು. ಒಟ್ಟು 210 ತೀರ್ಪುಗಳಲ್ಲಿ 92ರಲ್ಲಿ ಅದೇ ಪರೀಕ್ಷಕನೇ ಮೊದಲು ಹೇಳಿದ್ದಕ್ಕೆ ಬೇರೆಯಾಗಿ ಹೇಳಿದ್ದ: ತೇರ್ಗಡೆಯಾದವನು ಫೇಲಾಗಿದ್ದ, ಫೇಲಾದವನು ತೇರ್ಗಡೆಯಾಗಿದ್ದ, ಇಲ್ಲವೆ ಮೇಲ್ದರ್ಜೆಯಿಂದ ಕೆಳಗಿಳಿದಿದ್ದ.

ಪರೀಕ್ಷಕರನ್ನು ಹಾಸ್ಯಮಾಡುವುದಕ್ಕೆ ಇದನ್ನು ಹೇಳಲಿಲ್ಲ. ಆ ಪ್ರಯೋಗಗಳ ಕಾಲದಿಂದ ಈಚೆಗೆ ಪ್ರಶ್ನೆಗಳನ್ನು ಚಿಕ್ಕದು ಮಾಡಿ, ಮಾದರಿ ಉತ್ತರಗಳನ್ನು ಕೊಟ್ಟು ಅಲುಗಾಟವನ್ನು ಬಹಳ ಕಡಿಮೆಮಾಡಿದ್ದಾರೆ. ಆದರೂ ಕಳೆದ ಸಲ 81 ಬಂದ ಮಗುವಿಗೆ ಈ ಸಲ 78 ಬಂದರೆ, ಆ ಮೂರು ನಂಬರಿಗಾಗಿ ಮನೆಯಲ್ಲಿ ಊಟದ ಹೊತ್ತನ್ನು ಕೆಡಿಸುವುದು ನ್ಯಾಯವಲ್ಲ. ಅದು ಮಗುವಿನಲ್ಲಾದ ಬದಲಾವಣೆಯೋ ತಿದ್ದಿದವರ ಕೈಯ ಅಲುಗಾಟವೋ ಆ ನಂಬರಿನಿಂದ ತಿಳಿಯದು.

ಎಸ್‌ಎಸ್‌ಎಲ್‌ಸಿಯಲ್ಲಿ ಮಾತ್ರ ಮೂರು ನಂಬರಿಗೂ ಬೆಲೆಯುಂಟು. ಕಾಲೇಜಿನ ಬಾಗಿಲಲ್ಲಿ ಆ ಮೂರನ್ನೇ ಕೇಳುತ್ತಾರೆ. ಅಲ್ಲಿ ಒಟ್ಟು 625 ಅಂಕಗಳು. ಪ್ರಥಮ ಭಾಷೆಗೆ 125, ಉಳಿದ ಐದು ವಿಷಯಗಳಿಗೆ ನೂರು ನೂರು. ಈ ನೂರರಲ್ಲಿ 80 ಬರವಣಿಗೆಯ ಪರೀಕ್ಷೆಗೆ, 20 ಶಾಲೆಯಲ್ಲಿ ವರ್ಷವೆಲ್ಲ ನಡೆದ ಆಂತರಿಕ ಮೌಲ್ಯಮಾಪನಕ್ಕೆ. ಪ್ರಥಮ ಭಾಷೆಯಲ್ಲಿ ಇದು ನೂರು ಮತ್ತು ಇಪ್ಪತ್ತೈದು. ಬಹುಮಂದಿ ಪೋಷಕರು ಕಣ್ಣಿಡುವುದು 80ರ ಮೇಲೆ. ಆ 20 ಎಲ್ಲಿಂದ ಬಂತೆಂದು ವಿಚಾರಿಸುವುದು ಫಲಿತಾಂಶ ಬಂದ ಮೇಲೆ. ಆಗ ಕಾಲ ಮೀರಿರುತ್ತದೆ. ಅದು ಶಾಲೆಯವರು ಮಂಡಳಿಗೆ ಕಳುಹಿಸುವ ಅಂಕವಾದುದರಿಂದ, ಕಳುಹಿಸುವ ಮೊದಲೇ ಶಾಲೆಗೆ ಹೋಗಿ ಮಗುವಿನ ಹೆಸರಿನ ಮುಂದೆ ಬರೆದಿರುವುದನ್ನು ನೋಡಿಬರಬೇಕು.

ಬರವಣಿಗೆಯ ಪರೀಕ್ಷೆಯ ಉತ್ತರಪತ್ರಿಕೆಯನ್ನು ನೋಡುವ ಹಕ್ಕು ಸುಲಭವಾಗಿ ಬಂದದ್ದಲ್ಲ. 1984ರಲ್ಲಿ ಮಹಾರಾಷ್ಟ್ರದ ಪರೀಕ್ಷಾ ಮಂಡಳಿಯ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯ, ಉತ್ತರಪತ್ರಿಕೆಯನ್ನು ತೋರಿಸೆಂದು ಕೇಳಲು ವಿದ್ಯಾರ್ಥಿಗೆ ಅಧಿಕಾರವಿಲ್ಲವೆಂಬ ನಿಯಮವನ್ನು ಎತ್ತಿಹಿಡಿದಿತ್ತು. 2005ರಲ್ಲಿ ಮಾಹಿತಿ ಹಕ್ಕಿನ ಶಾಸನ ಬಂತು. ಅದರ ಬಲದಿಂದ 2011ರ ಆಗಸ್ಟಿನಲ್ಲಿ, ಕೇಂದ್ರ ಮಾಧ್ಯಮಿಕ ಶಿಕ್ಷಣ ಮಂಡಳಿ ಪಕ್ಷವಾಗಿದ್ದ ಮೊಕದ್ದಮೆಯಲ್ಲಿ, ತಿದ್ದಿದ ಉತ್ತರಪತ್ರಿಕೆಯೂ ಮಾಹಿತಿಯೇ, ಬರೆದವನು ಅದನ್ನು ನೋಡಬಹುದು, ನಕಲು ಪಡೆಯಬಹುದು ಎಂದು ಅದೇ ನ್ಯಾಯಾಲಯ ತೀರ್ಪಿತ್ತಿತು. ನೋಡುವ ಹಕ್ಕು ಬೇರೆ, ಮತ್ತೆ ತಿದ್ದಿಸುವ ಹಕ್ಕು ಬೇರೆ. ಎರಡನೆಯದಕ್ಕೆ ಆಯಾ ಮಂಡಳಿಯ ನಿಯಮವೇ ಆಧಾರ. ನಮ್ಮ ಕರ್ನಾಟಕದ ಮಂಡಳಿಯಲ್ಲಿ ಎರಡಕ್ಕೂ ಅವಕಾಶವಿದೆ. ಶುಲ್ಕ ಕಟ್ಟಿ ಮೊದಲು ನಕಲನ್ನು ತರಿಸಿಕೊಂಡು, ಒಳಗಿನ ಪುಟಗಳ ಅಂಕವನ್ನೆಲ್ಲ ಕೂಡಿಸಿ ಮೇಲಿನ ಹಾಳೆಯ ಮೊತ್ತದೊಡನೆ ತಾಳೆನೋಡಬೇಕು. ಯಾವ ಉತ್ತರಕ್ಕಾದರೂ ಅಂಕವನ್ನೇ ಹಾಕದೆ ಬಿಟ್ಟಿದೆಯೇ ನೋಡಬೇಕು. ಆ ಮೇಲೆ ಆ ವಿಷಯವನ್ನು ಬಲ್ಲ ಬೇರೊಬ್ಬ ಉಪಾಧ್ಯಾಯರಿಗೆ ತೋರಿಸಬೇಕು. ಅವರು “ಇದರಲ್ಲಿ ಹೆಚ್ಚು ಬರುವುದಕ್ಕಿಲ್ಲ” ಎಂದರೆ ಅಲ್ಲಿಗೆ ನಿಲ್ಲಿಸುವುದು ಲೇಸು. ನಕಲನ್ನು ನೋಡದೆ ಆಸೆಯೊಂದರಿಂದಲೇ ಮರುಮೌಲ್ಯಮಾಪನಕ್ಕೆ ಓಡುವವರೂ ಇದ್ದಾರೆ.

ಇನ್ನು ಒಂದು ಸಂಗತಿ ಉಳಿದಿದೆ. ಪ್ರಗತಿಪತ್ರಕ್ಕೆ ತಂದೆಯ ರುಜುವನ್ನು ತಾನೇ ಹಾಕುವ ಮಗುವನ್ನು ನಾವು ಕಳ್ಳನೆನ್ನುತ್ತೇವೆ. ಆ ರುಜುವನ್ನು ಕಲಿಯುವುದಕ್ಕೆ ಅದು ಎಷ್ಟು ಹಾಳೆ ಹರಿದಿರಬೇಕು, ಎಷ್ಟು ಹೆದರಿರಬೇಕು ಎಂದು ಯಾರೂ ಲೆಕ್ಕ ಹಾಕುವುದಿಲ್ಲ. ಈಗ ಮೊಬೈಲಿನಲ್ಲಿ ಎಲ್ಲವೂ ತಿಳಿಯುವುದರಿಂದ ಸುಳ್ಳು ರುಜು ನಿಂತಿದೆ. ಭಯ ನಿಂತಿಲ್ಲ, ಅಡಗಿಕೊಳ್ಳುವ ಜಾಗವೊಂದು ಹೋಗಿದೆ ಅಷ್ಟೆ. ಶಾಲೆಯಿಂದ ಸಂದೇಶ ಬಂದ ದಿನ, ನಮಗೆ ತಿಳಿದಿದೆಯೆಂದು ತೋರಿಸಿಕೊಳ್ಳದೆ ಮಗು ತಾನಾಗಿ ಹೇಳುವುದಕ್ಕೆ ಒಂದು ಸಂಜೆಯ ಕಾಲವನ್ನು ಕೊಟ್ಟು ನೋಡಬಹುದು. ಹೇಳಿದರೆ, ಆ ಮನೆಯಲ್ಲಿ ಕೆಟ್ಟ ಸುದ್ದಿಯನ್ನು ಹೇಳಬಹುದೆಂಬ ನಂಬಿಕೆ ಅದಕ್ಕಿದೆ ಎಂದು ಅರ್ಥ. ಹೇಳದಿದ್ದರೆ, ವಿಚಾರಿಸಬೇಕಾದುದು ಗಣಿತವನ್ನಲ್ಲ.

ಎಸ್‌ಎಸ್‌ಎಲ್‌ಸಿ ಫಲಿತಾಂಶದ ದಿನವಂತೂ ಇದು ಬಹಳ ಮುಖ್ಯ. ನೋಂದಣಿಯ ಸಂಖ್ಯೆಯೂ ಹುಟ್ಟಿದ ತಾರೀಖೂ ತಿಳಿದಿದ್ದರೆ ಜಾಲತಾಣದಲ್ಲಿ ಯಾರು ಬೇಕಾದರೂ ನೋಡಬಹುದು. ಸೋದರಮಾವನೂ ನೋಡಬಹುದು, ಎದುರುಮನೆಯವರೂ ನೋಡಬಹುದು. ಆ ಸಂಖ್ಯೆಯನ್ನು ಊರಿಗೆಲ್ಲ ಹಂಚದಿರುವುದು ವಿವೇಕ. ಮಗುವೇ ಮೊದಲು ನೋಡಲಿ. ನೋಡುವಾಗ ಮನೆಯವರೊಬ್ಬರು ಪಕ್ಕದಲ್ಲಿ ಕುಳಿತಿರಲಿ. ಆ ದಿನವೂ ಮಾರನೆಯ ದಿನವೂ ಅದನ್ನು ಒಂಟಿಯಾಗಿ ಬಿಡುವುದು ಬೇಡ. ಪ್ರತಿ ವರ್ಷ ಫಲಿತಾಂಶದ ಮಾರನೆಯ ಬೆಳಗ್ಗೆ ಪತ್ರಿಕೆಗಳು ಎಂಥ ಸುದ್ದಿಯನ್ನು ತರುತ್ತವೆಂಬುದನ್ನು ನಾನು ವಿವರಿಸಬೇಕಾಗಿಲ್ಲ. 2024ರಲ್ಲಿ ನಮ್ಮಲ್ಲಿ ವರ್ಷಕ್ಕೆ ಒಂದರ ಬದಲು ಮೂರು ಪರೀಕ್ಷೆಗಳನ್ನು ನಡೆಸುವ ಪದ್ಧತಿ ಬಂದಿತು. ಈಗಲೂ ಮೊದಲನೆಯದರಲ್ಲಿ ತಪ್ಪಿದವನು ಅದೇ ವರ್ಷ ಮತ್ತೆ ಕುಳಿತುಕೊಳ್ಳಬಹುದು. ತೇರ್ಗಡೆಯಾದವನೂ ಹೆಚ್ಚಿನ ಅಂಕಕ್ಕಾಗಿ ಕುಳಿತು, ಬಂದುದರಲ್ಲಿ ಮೇಲಾದುದನ್ನು ಉಳಿಸಿಕೊಳ್ಳಬಹುದು. ಈ ಮಾತನ್ನು ಫಲಿತಾಂಶಕ್ಕೆ ಒಂದು ವಾರ ಮೊದಲೇ ಮಗುವಿಗೆ ಹೇಳಿಟ್ಟಿರಬೇಕು. ಉತ್ತರಪತ್ರಿಕೆಯ ನಕಲಿಗೂ, ಮುಂದಿನ ಪರೀಕ್ಷೆಗೂ ಅರ್ಜಿ ಹಾಕುವುದಕ್ಕೆ ಕೊಡುವ ದಿನಗಳು ಮಾತ್ರ ಬಹಳ ಕಡಿಮೆ. ಆ ಕೊನೆಯ ತಾರೀಖುಗಳನ್ನು ಫಲಿತಾಂಶದ ಸಂಜೆಯೇ ಗೋಡೆಯ ಕ್ಯಾಲೆಂಡರಿನಲ್ಲಿ ಗುರುತುಮಾಡಿ ಇಡತಕ್ಕದ್ದು.